ಮಂಗಳ ಗ್ರಹದ ಡೇರಿಯನ್ ಕ್ಯಾಲೆಂಡರ್: ಲೆಕ್ಕ ಭದ್ರ, ವಾರ ಮಾತ್ರ ತೊಡಕು

ಥಾಮಸ್ ಗ್ಯಾಂಗೇಲ್ 1985ರಲ್ಲಿ ಮಂಗಳದಲ್ಲಿ ನೆಲೆಸುವವರಿಗಾಗಿ ರೂಪಿಸಿದ ಕ್ಯಾಲೆಂಡರ್ ಇದು. ಅಲ್ಲಿನ ಒಂದು ದಿನ, ಅಂದರೆ ಸೋಲ್, 24 ಗಂಟೆ 39 ನಿಮಿಷ 35 ಸೆಕೆಂಡು. ವರ್ಷಕ್ಕೆ 24 ತಿಂಗಳು. ಹೆಸರುಗಳಂತೂ ಬಲು ಚೆಂದ: ಸ್ಯಾಜಿಟೇರಿಯಸ್ ಆದಮೇಲೆ ಧನುಸ್ಸು, ಕ್ಯಾಪ್ರಿಕಾರ್ನಸ್ ಆದಮೇಲೆ ಮಕರ, ಹೀಗೆ ಲ್ಯಾಟಿನ್ ಮತ್ತು ಸಂಸ್ಕೃತ ರಾಶಿಗಳ ಜೋಡಿ. ನಮಗೆ ಅರ್ಧದಷ್ಟು ಹೆಸರು ಆಗಲೇ ಬಾಯಿಗೆ ಬರುತ್ತವೆ.

ತಿಂಗಳಿಗೆ 28 ಸೋಲ್. 6, 12, 18, 24ನೆಯ ತಿಂಗಳಿಗೆ ಮಾತ್ರ 27. ಒಟ್ಟು 668. ಮಂಗಳದ ವರ್ಷ ಸುಮಾರು 668.6 ಸೋಲ್ ಆದ್ದರಿಂದ, ಬೆಸ ವರ್ಷಗಳಲ್ಲೂ ಹತ್ತರಿಂದ ಭಾಗವಾಗುವ ವರ್ಷಗಳಲ್ಲೂ ಕೊನೆಯ ತಿಂಗಳಿಗೆ ಒಂದು ಸೋಲ್ ಸೇರುತ್ತದೆ. ಹತ್ತು ವರ್ಷಕ್ಕೆ ಆರು ಹೆಚ್ಚುವರಿ.

ಪ್ರತಿ ತಿಂಗಳೂ ಭಾನುವಾರವೇ ಶುರು. 1, 8, 15, 22 ಯಾವಾಗಲೂ ಭಾನುವಾರ. ಹಾಗಾಗಿ 27ರ ತಿಂಗಳಲ್ಲಿ ಕೊನೆಯ ಶನಿವಾರವೇ ಇರುವುದಿಲ್ಲ. ಪಾಳಿ ಪಟ್ಟಿ ಹಾಕುವವರು ಶುಕ್ರವಾರದ ಮರುದಿನವೇ ಭಾನುವಾರ ಎಂದು ಗುರುತು ಹಾಕಿಕೊಳ್ಳಬೇಕು.