ಒಂದು ಬೆಳ್ಳಕ್ಕಿ, ಮೂರು ಯಂತ್ರಗಳು

ಹಾರುವ ಬೆಳ್ಳಕ್ಕಿಯೊಂದರ ಮೂರು ಭಂಗಿಗಳನ್ನು ಗ್ರಾಫ್ ಹಾಳೆಯ ಮೇಲೆ ಬರೆದುಕೊಂಡು, ಅದನ್ನೇ ಝಡ್‌ಎಕ್ಸ್ ಸ್ಪೆಕ್ಟ್ರಮ್, ಕೊಮೊಡೋರ್ 64 ಮತ್ತು ಬಿಬಿಸಿ ಮೈಕ್ರೋ ಎಂಬ 1980ರ ದಶಕದ ಕಂಪ್ಯೂಟರ್‌ಗಳಲ್ಲಿ ಬರೀ ಬೇಸಿಕ್ ಎಂಬ ಪ್ರೋಗ್ರಾಮಿಂಗ್ ಭಾಷೆಯಿಂದ ಹಾರಿಸಿ ನೋಡಿದ್ದೇನೆ.

1982ರ ಸ್ಪೆಕ್ಟ್ರಮ್‌ನಲ್ಲಿ ಹಕ್ಕಿಯನ್ನು 8×8 ಚುಕ್ಕಿಗಳ ಅಕ್ಷರಗಳಾಗಿ ರೂಪಿಸಿ ಮುದ್ರಿಸುವುದು ಸುಲಭ. ಆದರೆ ಅದು ಒಂದೊಂದು ಅಕ್ಷರದಷ್ಟು ದೂರ ಕುಪ್ಪಳಿಸುತ್ತದೆಯೇ ಹೊರತು ತೇಲುವುದಿಲ್ಲ. ಒಂದೊಂದು ಅಕ್ಷರದ ಚೌಕದಲ್ಲಿ ಎರಡೇ ಬಣ್ಣಗಳಿಗೆ ಅವಕಾಶವಿರುವುದರಿಂದ, ಹಸಿರು ಮರದ ಮುಂದೆ ಬಂದೊಡನೆ ಹಕ್ಕಿ ಹಸಿರಾಗಬೇಕು, ಇಲ್ಲವೇ ಆ ಚೌಕದ ಎಲೆಗಳು ಬೆಳ್ಳಗಾಗಬೇಕು.

ಅದೇ ವರ್ಷದ ಕೊಮೊಡೋರ್‌ನಲ್ಲಿ ಈ ತೊಡಕೇ ಇಲ್ಲ. ಅದರ ಚಿತ್ರ ಮೂಡಿಸುವ ವಿಐಸಿ-2 ಚಿಪ್ 24×21 ಚುಕ್ಕಿಗಳ ಎಂಟು ಸ್ಪ್ರೈಟ್‌ಗಳನ್ನು, ಅಂದರೆ ಹಿನ್ನೆಲೆಯಿಂದ ಬೇರೆಯಾಗಿ ಚಲಿಸಬಲ್ಲ ಪುಟ್ಟ ಚಿತ್ರಗಳನ್ನು, ಹಿನ್ನೆಲೆಗೆ ಧಕ್ಕೆಯಾಗದಂತೆ ತಾನೇ ತೋರಿಸುತ್ತದೆ. ಒಂದು ಭಂಗಿಗೆ 63 ಸಂಖ್ಯೆಗಳಂತೆ ಒಟ್ಟು 189 ಸಂಖ್ಯೆಗಳನ್ನು ಕೈಯಲ್ಲೇ ಲೆಕ್ಕ ಹಾಕಿ, ಯಂತ್ರದ ಮೆಮೊರಿಯಲ್ಲಿ 832, 896 ಮತ್ತು 960ನೇ ವಿಳಾಸಗಳಿಂದ ತುಂಬಿದೆ. ಆಮೇಲೆ ಯಾವ ಭಂಗಿಯನ್ನು ತೋರಿಸಬೇಕೆಂದು ಸೂಚಿಸುವ 2040ನೇ ವಿಳಾಸದಲ್ಲಿ 13, 14, 15 ಎಂದು ಒಂದೇ ಒಂದು ಸಂಖ್ಯೆಯನ್ನು ಬದಲಿಸುತ್ತ ಹೋದರೆ ರೆಕ್ಕೆ ಬಡಿಯುತ್ತದೆ; ಮೊದಲ ಸಲ ಅದನ್ನು ಕಂಡಾಗ ಅಷ್ಟು ಹೊತ್ತಿನ ಲೆಕ್ಕದ ದಣಿವು ಮರೆತುಹೋಯಿತು. ಆದರೆ ಹಕ್ಕಿ ಅಡ್ಡಲಾಗಿ 255ನೇ ಸ್ಥಾನ ದಾಟುವಾಗ 53264ನೇ ವಿಳಾಸವನ್ನೂ ಬದಲಿಸಬೇಕೆಂಬುದು ತಿಳಿಯದೆ, ಒಂದು ಸಂಜೆಯೆಲ್ಲ ಅದು ಪರದೆಯ ಬಲಭಾಗಕ್ಕೆ ಹೋಗದೆ ನಿಂತುಬಿಟ್ಟಿತ್ತು.

1984ರಲ್ಲಿ ಕ್ಲಾಸ್ ಎಂಬ ಕಂಪ್ಯೂಟರ್ ಶಿಕ್ಷಣ ಯೋಜನೆಯ ಮೂಲಕ ನಮ್ಮ ದೇಶದ ಶಾಲೆಗಳಿಗೆ ಬಂದ ಬಿಬಿಸಿ ಮೈಕ್ರೋದಲ್ಲಿ ಸ್ಪ್ರೈಟ್ ಇಲ್ಲ. ಹದಿನಾರು ಬಣ್ಣಸಂಖ್ಯೆಗಳಿರುವ ಮೋಡ್ 2 ಎಂಬ ಬಗೆಯ ಪರದೆಯೊಂದೇ 32 ಕೆಬಿ ಮೆಮೊರಿಯಲ್ಲಿ 20 ಕೆಬಿಯನ್ನು ನುಂಗುತ್ತದೆ. ಆದರೂ ಚಲನೆಯೆಂದರೇನೆಂದು ನನಗೆ ಮನದಟ್ಟಾದದ್ದು ಇದರಲ್ಲೇ. ಹಕ್ಕಿಯನ್ನು ಹದಿನೈದು ಕಡೆ ಹದಿನೈದು ಬಣ್ಣಸಂಖ್ಯೆಗಳಲ್ಲಿ ಮೊದಲೇ ಬರೆದು, ಅಷ್ಟನ್ನೂ ಆಕಾಶದ ಬಣ್ಣಕ್ಕೆ ತಂದು, ಬಣ್ಣಸಂಖ್ಯೆಗೆ ಯಾವ ಬಣ್ಣ ಕಾಣಬೇಕೆಂದು ಬದಲಿಸುವ ವಿಡಿಯು 19 ಆದೇಶದಿಂದ ಒಂದೊಂದನ್ನೇ ಬೆಳ್ಳಗೆ ಮಾಡಿದರೆ, ಪರದೆಯಲ್ಲಿ ಒಂದು ಗೆರೆಯನ್ನೂ ಹೊಸದಾಗಿ ಬರೆಯದೆ ಹಕ್ಕಿ ಸಾಗುತ್ತದೆ. ಆದರೆ ಒಂದರ ಮೇಲೊಂದು ಚಿತ್ರ ಬೀಳಬಾರದು, ಹದಿನೈದಕ್ಕಿಂತ ಹೆಚ್ಚು ನೆಲೆಗಳೂ ಸಿಗವು.

ಆದ್ದರಿಂದ ಬೆಳ್ಳಕ್ಕಿಗೆ ಕೊಮೊಡೋರೇ ಸರಿಯೆಂದು ತೀರ್ಮಾನಿಸಿ, ಬಿಬಿಸಿಯಲ್ಲಿ ಹೊಳೆಯೊಂದನ್ನು ಬರೆದೆ: 1, 2, 3, ಮತ್ತೆ 1, 2, 3 ಎಂಬ ಬಣ್ಣಸಂಖ್ಯೆಗಳ ಓರೆ ಪಟ್ಟೆಗಳು. ನೀಲಿ, ತಿಳಿನೀಲಿ, ಬಿಳಿ ಬಣ್ಣಗಳನ್ನು ಅವುಗಳ ನಡುವೆ ಸರದಿಯಂತೆ ತಿರುಗಿಸಿದಾಗ ಪರದೆಯುದ್ದಕ್ಕೂ ನೀರು ಹರಿಯಿತು.