ಛಾವಣಿಯ ಸೌರ ವಿದ್ಯುತ್ ವ್ಯವಸ್ಥೆ: ಮೂರು ವರ್ಷ ಬಳಸಿದ ಮೇಲಿನ ವಿಮರ್ಶೆ

ನಮ್ಮ ಮನೆಯ ಛಾವಣಿಯ ಮೇಲೆ 5 ಕಿಲೋವಾಟ್‌ನ ಸೌರ ವಿದ್ಯುತ್ ವ್ಯವಸ್ಥೆ ಕೆಲಸ ಮಾಡಲು ತೊಡಗಿ ಮೂರು ವರ್ಷ ತುಂಬಿತು. ತಲಾ 540 ವಾಟ್‌ನ ಹತ್ತು ಸಿಲಿಕಾನ್ ಫಲಕಗಳು, ಅವುಗಳ ವಿದ್ಯುತ್ತನ್ನು ಮನೆಯ ಬಳಕೆಗೆ ಹೊಂದುವಂತೆ ಮಾರ್ಪಡಿಸುವ ಒಂದು ಇನ್ವರ್ಟರ್, ಮತ್ತು ಐದು ತಿಂಗಳ ನಂತರ ಸೇರಿಸಿಕೊಂಡ 5 ಕಿಲೋವಾಟ್-ಗಂಟೆಯ (ಅಂದರೆ 5 ಯೂನಿಟ್ ಹಿಡಿಯುವ) ಲಿಥಿಯಂ ಬ್ಯಾಟರಿ, ಇಷ್ಟು ಈ ವ್ಯವಸ್ಥೆಯ ಭಾಗಗಳು. ಹಾಕಿಸಿದ ಮೊದಲ ತಿಂಗಳಲ್ಲಿ ಬರೆದ ವಿಮರ್ಶೆಗಳು ಬೇಕಾದಷ್ಟು ಸಿಗುತ್ತವೆ. ಆದರೆ ಫಲಕದ ಮೇಲೆ ಧೂಳು ಕೂತು, ಬ್ಯಾಟರಿ ಸಾವಿರ ಸಲ ತುಂಬಿ ಖಾಲಿಯಾದ ಮೇಲೆ ಏನಾಗುತ್ತದೆ ಎಂಬುದನ್ನು ಅವು ಹೇಳುವುದಿಲ್ಲ. ಪರಿಸರದ ಕಾಳಜಿಯಿಂದಲೇ ನಾವು ಇದನ್ನು ಕೊಂಡದ್ದರಿಂದ ಈ ವಿಮರ್ಶೆಯಲ್ಲಿ ಆ ಲೆಕ್ಕಕ್ಕೇ ಹೆಚ್ಚು ಜಾಗ ಕೊಟ್ಟಿದ್ದೇನೆ.

ಇದಕ್ಕೆ ಮೊದಲು ಕರೆಂಟು ಹೋದಾಗಲೆಲ್ಲ ನಮಗೆ ಆಧಾರವಾಗಿದ್ದದ್ದು ಡೀಸೆಲ್ ಜನರೇಟರ್. ಅದರ ಹೊಗೆಕೊಳವೆ ಇದ್ದ ಕಡೆ ಗೋಡೆಯ ಮೇಲೆ ಮೊಳದುದ್ದದ ಮಸಿಯ ಪಟ್ಟಿ ಮೂಡಿತ್ತು. ಎರಡು ಸಲ ಸುಣ್ಣ ಬಳಿದರೂ ಅದು ಮತ್ತೆ ಕಾಣಿಸಿಕೊಂಡಿತು, ಆ ಬದಿಯಲ್ಲಿ ಬಟ್ಟೆ ಒಣಹಾಕುವುದನ್ನು ನಾವು ಬಿಟ್ಟೇಬಿಟ್ಟಿದ್ದೆವು. ಒಂದು ಲೀಟರ್ ಡೀಸೆಲ್ ಸುಮಾರು 830 ಗ್ರಾಂ ತೂಗುತ್ತದೆ, ಆದರೆ ಉರಿದಾಗ ಅದರಿಂದ ಹೊರಬೀಳುವ ಇಂಗಾಲದ ಡೈಆಕ್ಸೈಡ್ ಸುಮಾರು 2.7 ಕಿಲೋ, ಇಂಧನದಲ್ಲಿರುವ ಪ್ರತಿಯೊಂದು ಇಂಗಾಲದ ಪರಮಾಣುವೂ ಗಾಳಿಯಿಂದ ಎರಡು ಆಮ್ಲಜನಕದ ಪರಮಾಣುಗಳನ್ನು ಸೆಳೆದುಕೊಳ್ಳುವುದರಿಂದ ಹೊಗೆಯ ತೂಕ ಇಂಧನದ ತೂಕವನ್ನು ಮೀರುತ್ತದೆ. ನಮ್ಮಂಥ ಚಿಕ್ಕ ಜನರೇಟರನ್ನು ಅರ್ಧ ಹೊರೆಯಲ್ಲಿ ಓಡಿಸಿದರೆ ಒಂದು ಲೀಟರಿಗೆ ಎರಡೂವರೆ, ಮೂರು ಯೂನಿಟ್ ಸಿಗಬಹುದು, ಅಂದರೆ ಯೂನಿಟ್ಟಿಗೆ ಸರಿಸುಮಾರು ಒಂದು ಕಿಲೋ ಇಂಗಾಲದ ಡೈಆಕ್ಸೈಡ್. ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ವಿಭಾಗವು 2012ರಲ್ಲಿ ಡೀಸೆಲ್ ಹೊಗೆಯನ್ನು ಮನುಷ್ಯರಲ್ಲಿ ಕ್ಯಾನ್ಸರ್ ತರುವ ವಸ್ತುಗಳ ಮೊದಲ ಗುಂಪಿಗೆ ಸೇರಿಸಿತು ಎಂದು ಓದಿದ ದಿನವೇ ಈ ಯಂತ್ರವನ್ನು ಮನೆಯಿಂದ ಕಳಿಸಬೇಕೆಂದು ನಿರ್ಧರಿಸಿದ್ದೆ. ಕೊನೆಗೆ ಅದನ್ನು ಮಾರಿದೆವು. ಅದು ಇನ್ನೆಲ್ಲೋ ಹೊಗೆ ಉಗುಳುತ್ತಿರಬಹುದು ಎಂಬ ಅಳುಕು ಇಂದಿಗೂ ನನಗಿದೆ.

ಮೊದಲ ನಿರಾಸೆ ಎದುರಾದದ್ದು ವ್ಯವಸ್ಥೆ ಚಾಲೂ ಆದ ಎರಡನೆಯ ವಾರ. ಮಟಮಟ ಮಧ್ಯಾಹ್ನ, ಕಣ್ಣು ಕುಕ್ಕುವ ಬಿಸಿಲು, ಹತ್ತೂ ಫಲಕಗಳು ಹೊಳೆಯುತ್ತಿವೆ. ಅಷ್ಟರಲ್ಲಿ ಬೀದಿಯ ಕರೆಂಟು ಹೋಯಿತು, ಅದರ ಜೊತೆಗೆ ನಮ್ಮ ಮನೆಯ ಕರೆಂಟೂ ಹೋಯಿತು. ಇನ್ವರ್ಟರ್ ಕೆಟ್ಟಿತೆಂದು ತಿಳಿದು ಹಾಕಿಕೊಟ್ಟವರಿಗೆ ಫೋನ್ ಮಾಡಿದರೆ, ಅದು ಹಾಗೆಯೇ ಕೆಲಸ ಮಾಡುವುದು ಎಂಬ ಉತ್ತರ ಬಂತು. ಕಾರಣ ನ್ಯಾಯವಾದದ್ದೇ: ಗ್ರಿಡ್‌ಗೆ (ಬೀದಿಯ ವಿದ್ಯುತ್ ಜಾಲಕ್ಕೆ) ಜೋಡಿಸಿದ ಇನ್ವರ್ಟರ್ ತಂತಿಯಲ್ಲಿ ವಿದ್ಯುತ್ ಇಲ್ಲವೆಂದು ಗೊತ್ತಾದ ಕ್ಷಣ ತಾನಾಗಿ ನಿಲ್ಲಲೇಬೇಕು, ಇಲ್ಲವಾದರೆ ಲೈನ್ ಸತ್ತಿದೆ ಎಂದು ನಂಬಿ ಕಂಬ ಹತ್ತಿದ ಕೆಲಸಗಾರನಿಗೆ ನಮ್ಮ ಛಾವಣಿಯ ವಿದ್ಯುತ್ ತಗುಲಿ ಪ್ರಾಣಾಪಾಯವಾದೀತು. ನನ್ನ ದೂರು ಆ ನಿಯಮದ ಮೇಲಲ್ಲ. ಕರೆಂಟು ಹೋದಾಗ ಜನರೇಟರ್ ಬೇಡವಾಗಬೇಕು ಎಂದು ನಾವು ಮೊದಲ ಭೇಟಿಯಲ್ಲೇ ಸ್ಪಷ್ಟವಾಗಿ ಹೇಳಿದ್ದೆವು. ಆ ಕೆಲಸಕ್ಕೆ ಬ್ಯಾಟರಿಯೂ, ಬೀದಿಯ ಕರೆಂಟು ಇದ್ದಾಗಲೂ ಇಲ್ಲದಾಗಲೂ ಕೆಲಸ ಮಾಡಬಲ್ಲ ಹೈಬ್ರಿಡ್ ಇನ್ವರ್ಟರೂ ಬೇಕೆಂದು ಅಂದೇ ಹೇಳಬೇಕಿತ್ತು. ಹೇಳದ ಕಾರಣ ಐದು ತಿಂಗಳ ಹೊಸ ಇನ್ವರ್ಟರನ್ನು ಕಳಚಿ ಬೇರೆಯದನ್ನು ಕೂರಿಸಬೇಕಾಯಿತು. ಈ ವ್ಯವಸ್ಥೆಯನ್ನು ಕೊಳ್ಳುವವರು ಮೊಟ್ಟಮೊದಲು ಕೇಳಬೇಕಾದ ಪ್ರಶ್ನೆ ಇದು: ಬೀದಿಯಲ್ಲಿ ಕರೆಂಟು ಇಲ್ಲದಾಗ ನಮ್ಮ ಮನೆಯಲ್ಲಿ ಇರುತ್ತದೆಯೇ?

ಉತ್ಪಾದನೆಯ ವಿಷಯಕ್ಕೆ ಬಂದರೆ ಫಲಕಗಳು ಕೊಟ್ಟ ಮಾತನ್ನು ಉಳಿಸಿಕೊಂಡಿವೆ. ನಿಚ್ಚಳ ಬಿಸಿಲಿನ ದಿನ 22ರಿಂದ 24 ಯೂನಿಟ್, ದಟ್ಟ ಮೋಡ ಕವಿದ ದಿನ 6 ಅಥವಾ 7, ಎಲ್ಲ ಸೇರಿ ವರ್ಷಕ್ಕೆ ಸುಮಾರು 7,000 ಯೂನಿಟ್ ದಾಖಲಾಗಿದೆ. ನಾನು ತಪ್ಪಾಗಿ ತಿಳಿದಿದ್ದ ಒಂದು ಸಂಗತಿಯೆಂದರೆ, ಸುಡುಬಿಸಿಲಿನ ದಿನವೇ ಹೆಚ್ಚು ವಿದ್ಯುತ್ ಹುಟ್ಟುತ್ತದೆ ಎಂಬುದು. ಫಲಕದ ಮೇಲೆ ಬರೆದಿರುವ ವಾಟ್ ಸಂಖ್ಯೆ 25 ಡಿಗ್ರಿ ಸೆಲ್ಸಿಯಸ್ ಉಷ್ಣತೆಯಲ್ಲಿ ಅಳೆದದ್ದು. ಅಲ್ಲಿಂದ ಮೇಲೆ ಏರುವ ಪ್ರತಿ ಡಿಗ್ರಿಗೂ ಶೇಕಡಾ 0.3ರಿಂದ 0.4ರಷ್ಟು ಶಕ್ತಿ ಕುಂದುತ್ತದೆ. ಬೇಸಿಗೆಯ ನಡುಹಗಲು ಫಲಕ 65 ಡಿಗ್ರಿ ಮುಟ್ಟಿದರೆ ಶೇಕಡಾ 14ರಷ್ಟು ಶಕ್ತಿ ಶಾಖಕ್ಕೇ ಹೋಯಿತೆಂದು ಲೆಕ್ಕ. ನಮ್ಮ ಅತ್ಯುತ್ತಮ ದಿನಗಳೆಲ್ಲ ಮಳೆ ಬಂದು ತೊಳೆದು ಹೋದ ಮಾರನೆಯ ದಿನ, ಆಕಾಶ ತಿಳಿಯಾಗಿ ಗಾಳಿ ತಂಪಾಗಿ ಬೀಸಿದಾಗ ಸಿಕ್ಕಿದವು. ಆದ್ದರಿಂದ ಫಲಕ ಮತ್ತು ಛಾವಣಿಯ ನಡುವೆ ಗಾಳಿಯಾಡಲು ಒಂದು ಗೇಣಾದರೂ ಜಾಗ ಬಿಡಿಸಬೇಕು.

ನೆರಳಿನ ಪಾಠವನ್ನು ಕಲಿಸಿದ್ದು ನೀರಿನ ಟ್ಯಾಂಕು. ಮಧ್ಯಾಹ್ನ ಮೂರೂವರೆಯ ನಂತರ, ದಿನದ ಉತ್ಪಾದನೆಯನ್ನು ತೋರಿಸುವ ನಕ್ಷೆಯ ರೇಖೆ ಮೆಟ್ಟಿಲಿನಿಂದ ಜಾರಿದಂತೆ ಕೆಳಕ್ಕೆ ಬೀಳುತ್ತಿತ್ತು. ಒಂದು ದಿನ ಅದೇ ಹೊತ್ತಿಗೆ ಛಾವಣಿ ಹತ್ತಿ ನೋಡಿದರೆ, ಟ್ಯಾಂಕಿನ ನೆರಳು ಕೊನೆಯ ಎರಡು ಫಲಕಗಳ ಕೆಳ ಅಂಚಿನಲ್ಲಿ ಅಂಗೈ ಅಗಲದಷ್ಟು ಮಾತ್ರ ಬಿದ್ದಿತ್ತು. ಅಷ್ಟಕ್ಕೇ ಇಷ್ಟು ನಷ್ಟವೇ ಎನಿಸಿತು. ಫಲಕದೊಳಗಿನ ಕೋಶಗಳು ಒಂದರ ಹಿಂದೊಂದು ಸರಪಳಿಯಂತೆ ಜೋಡಣೆಗೊಂಡಿರುವುದರಿಂದ ನೆರಳಿಗೆ ಸಿಕ್ಕ ಒಂದು ಕೋಶವೇ ಇಡೀ ಸಾಲಿನ ಹರಿವನ್ನು ತಡೆಯುತ್ತದೆ. ಆ ಭಾಗವನ್ನು ಬಿಟ್ಟು ಪಕ್ಕದ ದಾರಿಯಲ್ಲಿ ವಿದ್ಯುತ್ ಮುಂದೆ ಹರಿಯಲು ಸಾಮಾನ್ಯವಾಗಿ ಪ್ರತಿ ಫಲಕದಲ್ಲಿ ಮೂರು ಬೈಪಾಸ್ ಡಯೋಡ್‌ಗಳಿದ್ದರೂ, ನೆರಳು ಎಲ್ಲಿ ಹೇಗೆ ಬಿತ್ತು ಎಂಬುದರ ಮೇಲೆ ಫಲಕದ ಮೂರನೆಯ ಒಂದು ಭಾಗವೋ ಇಡೀ ಫಲಕವೋ ಕೈಬಿಡುತ್ತದೆ. ಸ್ಥಳ ನೋಡಲು ಬಂದವರು ಬಂದದ್ದು ನಡುಹಗಲು, ನೆರಳು ಕಾಲಡಿಯಲ್ಲೇ ಇದ್ದ ಹೊತ್ತು. ಟ್ಯಾಂಕಿನ ಕಟ್ಟೆಯನ್ನು ನಾಲ್ಕು ಅಡಿ ಸರಿಸಿದ ಮೇಲೆ ರೇಖೆ ಸಂಜೆಯವರೆಗೂ ನಯವಾಗಿ ಇಳಿಯತೊಡಗಿತು. ಹಕ್ಕಿಯ ಹಿಕ್ಕೆಯೂ ಇದೇ ಬಗೆಯ ತೊಂದರೆ ಕೊಡುತ್ತದೆ. ಹದಿನೈದು ದಿನಕ್ಕೊಮ್ಮೆ ಬೆಳಗ್ಗೆ ಬಿಸಿಲೇರುವ ಮುಂಚೆ ಮೆದು ಬಟ್ಟೆಯಲ್ಲಿ ಒರೆಸಿದರೆ ಸಾಕು. ಕಾದ ಗಾಜಿನ ಮೇಲೆ ತಣ್ಣೀರು ಸುರಿಯಬಾರದು.

ಇನ್ನು ಮಾರಾಟದ ಕರಪತ್ರದಲ್ಲಿ ದಪ್ಪಕ್ಷರದಲ್ಲಿದ್ದ "ಶೂನ್ಯ ಮಾಲಿನ್ಯ" ಎಂಬ ಮಾತು. ಇದನ್ನು ನಾನು ಒಪ್ಪುವುದಿಲ್ಲ. ಛಾವಣಿಯ ಮೇಲೆ ಹೊಗೆಯಿಲ್ಲ ಎಂಬುದು ನಿಜ, ಆದರೆ ಫಲಕ ಛಾವಣಿಯ ಮೇಲೆ ಹುಟ್ಟಿದ್ದಲ್ಲ. ಬೆಣಚುಕಲ್ಲನ್ನು ಇಂಗಾಲದೊಂದಿಗೆ ವಿದ್ಯುತ್ ಕುಲುಮೆಯಲ್ಲಿ ಕಾಯಿಸಿ ಸಿಲಿಕಾನ್ ತೆಗೆಯಬೇಕು, ಅದನ್ನು ರಾಸಾಯನಿಕವಾಗಿ ಶುದ್ಧಗೊಳಿಸಬೇಕು, 1,400 ಡಿಗ್ರಿಗೂ ಮೀರಿದ ಶಾಖದಲ್ಲಿ ಮತ್ತೆ ಕರಗಿಸಿ ಸ್ಫಟಿಕವಾಗಿ ಎಳೆಯಬೇಕು. ಇವೆಲ್ಲ ವಿಪರೀತ ವಿದ್ಯುತ್ ಬೇಡುವ ಕೆಲಸಗಳು, ಆ ವಿದ್ಯುತ್ ಕಲ್ಲಿದ್ದಲಿನಿಂದ ಬಂದಿದ್ದರೆ ಫಲಕ ಅಷ್ಟು ಹೊಗೆಯ ಸಾಲವನ್ನು ಹೊತ್ತೇ ಮನೆಗೆ ಬರುತ್ತದೆ. ಒಳ್ಳೆಯ ಬಿಸಿಲಿರುವ ಕಡೆ ತನ್ನ ತಯಾರಿಕೆಗೆ ಹಿಡಿದ ಶಕ್ತಿಯಷ್ಟನ್ನು ಫಲಕ ಸಾಮಾನ್ಯವಾಗಿ ಎರಡು ವರ್ಷದೊಳಗೆ ಮರಳಿಸುತ್ತದೆ. ಉಳಿದ ಇಪ್ಪತ್ತಕ್ಕೂ ಹೆಚ್ಚು ವರ್ಷಗಳ ದುಡಿಮೆ ಲಾಭ.

ಹುಟ್ಟಿನಿಂದ ವಿಲೇವಾರಿಯವರೆಗಿನ ಪೂರ್ತಿ ಲೆಕ್ಕವನ್ನು ಹವಾಮಾನ ಬದಲಾವಣೆ ಕುರಿತ ಅಂತರಸರ್ಕಾರಿ ಸಮಿತಿ 2014ರ ತನ್ನ ವರದಿಯಲ್ಲಿ ಕೊಟ್ಟಿದೆ. ಅದರ ಮಧ್ಯಮ ಅಂದಾಜಿನಂತೆ ಒಂದು ಯೂನಿಟ್ ವಿದ್ಯುತ್ತಿಗೆ ಕಲ್ಲಿದ್ದಲು 820 ಗ್ರಾಂ, ನೈಸರ್ಗಿಕ ಅನಿಲ 490 ಗ್ರಾಂ, ಛಾವಣಿಯ ಸೌರಶಕ್ತಿ 41 ಗ್ರಾಂ, ಜಲವಿದ್ಯುತ್ 24 ಗ್ರಾಂ, ಪರಮಾಣು ವಿದ್ಯುತ್ 12 ಗ್ರಾಂ, ನೆಲದ ಮೇಲಿನ ಗಾಳಿಯಂತ್ರ 11 ಗ್ರಾಂ ಇಂಗಾಲದ ಡೈಆಕ್ಸೈಡ್‌ಗೆ ಸಮನಾದ ಅನಿಲಗಳನ್ನು ಹೊರಬಿಡುತ್ತವೆ. ಈ ಪಟ್ಟಿ ಹೇಳುವ ಮುಖ್ಯ ಸಂಗತಿ ನವೀಕರಿಸಬಹುದಾದದ್ದೆಲ್ಲ ನಿರಪಾಯ, ನವೀಕರಿಸಲಾಗದ್ದೆಲ್ಲ ಸಮಾನ ದೋಷಿ ಎಂಬುದಲ್ಲ. ಯುರೇನಿಯಂ ಒಂದು ದಿನ ಮುಗಿಯುವ ಖನಿಜ, ಅದರ ತ್ಯಾಜ್ಯವನ್ನು ಸಾವಿರಾರು ವರ್ಷ ಕಾಯಬೇಕು, ಆದರೂ ಇಂಗಾಲದ ಲೆಕ್ಕದಲ್ಲಿ ಅದು ಗಾಳಿಯ ಪಕ್ಕದಲ್ಲಿ ನಿಲ್ಲುತ್ತದೆ. ಜಲವಿದ್ಯುತ್ತಿನ ನೀರು ಮತ್ತೆ ಮತ್ತೆ ಬರುತ್ತದೆ, ಆದರೆ ಅಣೆಕಟ್ಟಿನ ಹಿಂದೆ ಮುಳುಗಿದ ಕಾಡು ಮತ್ತು ಊರು ಮತ್ತೆ ಬರುವುದಿಲ್ಲ. ಮುಳುಗಿದ ಮರಗಿಡಗಳು ಕೊಳೆತು ಮೀಥೇನ್ ಬಿಡುವುದೂ ಉಂಟು. ಕಲ್ಲಿದ್ದಲಿನದು ಇಂಗಾಲಕ್ಕೆ ನಿಲ್ಲುವ ಹಾನಿಯಲ್ಲ. ಗಂಧಕದ ಡೈಆಕ್ಸೈಡ್, ಸಾರಜನಕದ ಆಕ್ಸೈಡುಗಳು, ಪಾದರಸ, ಮತ್ತು ಆರ್ಸೆನಿಕ್‌ನಂಥ ವಿಷಗಳಿರುವ ಬೂದಿಯ ಕೊಳಗಳು ಅದರ ಸುತ್ತಲಿನ ಜನರ ಪಾಲಿಗೆ ಉಳಿಯುತ್ತವೆ.

ನಮ್ಮ 7,000 ಯೂನಿಟ್ ಪೂರ್ತಿಯಾಗಿ ಕಲ್ಲಿದ್ದಲಿನ ವಿದ್ಯುತ್ತಿನ ಬದಲಿಗೆ ಬಂದಿದ್ದರೆ ವರ್ಷಕ್ಕೆ ಸುಮಾರು 5.7 ಟನ್‌ನ ಜಾಗದಲ್ಲಿ 290 ಕಿಲೋ ಎಂದಾಯಿತು. ಹೀಗೆ ಹೇಳಿಕೊಳ್ಳಲು ಮನಸ್ಸಾಗುತ್ತದೆ, ಆದರೆ ಗ್ರಿಡ್‌ನಲ್ಲಿ ಹರಿಯುವುದು ಬರೀ ಕಲ್ಲಿದ್ದಲಲ್ಲವಾದ್ದರಿಂದ ನಿಜವಾದ ಉಳಿತಾಯ ಅದಕ್ಕಿಂತ ಕಡಿಮೆಯೇ ಇರುತ್ತದೆ. ಅದಕ್ಕಿಂತ ದೊಡ್ಡ ಪ್ರಶ್ನೆ ನಾವು ವಿದ್ಯುತ್ತನ್ನು ಯಾವ ಹೊತ್ತಿನಲ್ಲಿ ಬಳಸುತ್ತೇವೆ ಎಂಬುದು. ಮೊದಲ ವರ್ಷ ನಾವು ಹಗಲೆಲ್ಲ ಗ್ರಿಡ್‌ಗೆ ವಿದ್ಯುತ್ ಕಳಿಸಿ, ಸಂಜೆ ಆರರಿಂದ ಹತ್ತರವರೆಗೆ, ಎಲ್ಲರ ಮನೆಯಲ್ಲೂ ಬೇಡಿಕೆ ಏರುವ ಹೊತ್ತಿನಲ್ಲಿ, ಅದರಿಂದ ಎರವಲು ಪಡೆಯುತ್ತಿದ್ದೆವು. ಬಿಲ್ಲಿನಲ್ಲಿ ಎರಡೂ ಸರಿದೂಗಿದಂತೆ ಕಂಡರೂ ಹಗಲು ಸೂರ್ಯ ಕೊಟ್ಟ ಯೂನಿಟ್ಟಿಗೂ ಸೂರ್ಯ ಮುಳುಗಿದ ಮೇಲೆ ಇಂಧನ ಉರಿಸಿ ತಂದ ಯೂನಿಟ್ಟಿಗೂ ಪರಿಸರದ ಲೆಕ್ಕದಲ್ಲಿ ಸಮ ಇಲ್ಲ. ನೀರೆತ್ತುವ ಪಂಪು, ಬಟ್ಟೆ ಒಗೆಯುವ ಯಂತ್ರ, ಇಸ್ತ್ರಿ, ಇವನ್ನೆಲ್ಲ ಬೆಳಗ್ಗೆ ಹತ್ತರಿಂದ ಮೂರರ ನಡುವೆ ಮುಗಿಸುವ ಅಭ್ಯಾಸ ಮಾಡಿಕೊಂಡದ್ದರಿಂದ ಸಿಕ್ಕ ಪ್ರಯೋಜನ ಇನ್ನೂ ಎರಡು ಫಲಕ ಹಾಕಿಸಿದ್ದರೂ ಸಿಗುತ್ತಿರಲಿಲ್ಲ. ಈ ಒಂದು ಸಲಹೆಯನ್ನು ಮಾರುವವರು ಕೊಡುವುದಿಲ್ಲ, ಏಕೆಂದರೆ ಇದರಲ್ಲಿ ಮಾರುವಂಥದ್ದು ಏನೂ ಇಲ್ಲ.

ಬ್ಯಾಟರಿಯ ಬಗ್ಗೆ ಹೆಚ್ಚು ಹೇಳಬೇಕಾದದ್ದಿಲ್ಲ, ಅದು ಅಷ್ಟು ಸದ್ದಿಲ್ಲದೆ ಕೆಲಸ ಮಾಡುತ್ತಿದೆ. ಹಳೆಯ ಸೀಸ-ಆಮ್ಲ ಬ್ಯಾಟರಿಗೆ ನೀರು ತುಂಬುವುದು, ತುದಿಗಳಿಗೆ ಹಿಡಿದ ಹಸಿರು ಕಿಲುಬನ್ನು ಉಜ್ಜುವುದು, ಮೂರ್ನಾಲ್ಕು ವರ್ಷಕ್ಕೆ ಬದಲಿಸುವುದು, ಇವೆಲ್ಲ ತಪ್ಪಿದವು. ನಮ್ಮದು ಲಿಥಿಯಂ ಕಬ್ಬಿಣ ಫಾಸ್ಫೇಟ್ ಬಗೆಯದು. ಇದರಲ್ಲಿ ಕೋಬಾಲ್ಟ್ ಇಲ್ಲ ಎಂಬುದೇ ನಾನು ಇದನ್ನು ಆರಿಸಲು ಕಾರಣ, ಆ ಲೋಹದ ಗಣಿಗಳಲ್ಲಿ ಕಾಂಗೋದ ಮಕ್ಕಳು ದುಡಿಯುವ ಸುದ್ದಿ ಓದಿದ ಮೇಲೆ ಬೇರೆ ಬಗೆಯದಕ್ಕೆ ಮನಸ್ಸು ಒಪ್ಪಲಿಲ್ಲ. ಆದರೆ ಲಿಥಿಯಂ ಕೂಡ ನೆಲದಿಂದಲೇ ಬರಬೇಕು, ಚಿಲಿಯ ಅಟಕಾಮಾದಂಥ ಒಣ ಪ್ರದೇಶದಲ್ಲಿ ಉಪ್ಪುನೀರನ್ನು ಮೇಲೆತ್ತಿ ಆವಿಯಾಗಿಸಿ ಅದನ್ನು ತೆಗೆಯುತ್ತಾರೆ. ಆದ್ದರಿಂದ ಬ್ಯಾಟರಿಯನ್ನು ಬೇಕಾದಷ್ಟೇ ದೊಡ್ಡದಾಗಿ ಕೊಳ್ಳುವುದು ಸರಿ. ನಮಗೆ ಸೂಚಿಸಿದ್ದು 10 ಕಿಲೋವಾಟ್-ಗಂಟೆಯದು. ಅದರ ಅರ್ಧದಲ್ಲಿ ಫ್ರಿಜ್, ದೀಪ, ಫ್ಯಾನುಗಳು ರಾತ್ರಿಯ ಬಹುಪಾಲು ಆರಾಮವಾಗಿ ನಡೆಯುತ್ತಿವೆ.

ಅಂಕ ಕೊಡುವುದಾದರೆ ಫಲಕಗಳಿಗೆ ಐದಕ್ಕೆ ಐದು, ಬ್ಯಾಟರಿಗೆ ನಾಲ್ಕೂವರೆ, ಹಾಕಿಕೊಟ್ಟವರ ಸೇವೆಗೆ ಎರಡು. ತಂತಿ ಎಳೆದದ್ದು, ಕಬ್ಬಿಣದ ಚೌಕಟ್ಟು ಬಿಗಿದದ್ದು, ಭೂಸಂಪರ್ಕ ಕೊಟ್ಟದ್ದು, ಎಲ್ಲದರಲ್ಲೂ ಕೆಲಸಗಾರರು ಅಚ್ಚುಕಟ್ಟು. ಎರಡು ಬಿರುಗಾಳಿಯಲ್ಲಿ ಒಂದು ಬೋಲ್ಟೂ ಅಲುಗಲಿಲ್ಲ. ಅಂಕ ಕಳೆದದ್ದು ಹೇಳಬೇಕಾದದ್ದನ್ನು ಹೇಳದೆ ಉಳಿಸಿದ್ದಕ್ಕೆ, ಮತ್ತು ಎರಡನೆಯ ವರ್ಷ ನಡೆದ ಇನ್ನೊಂದು ಪ್ರಸಂಗಕ್ಕೆ.

ಗಾಳಿಗೆ ಮುರಿದು ಬಿದ್ದ ಕೊಂಬೆಯೊಂದು ಒಂದು ಫಲಕದ ಗಾಜನ್ನು ಒಡೆಯಿತು. ಒಂದು ವಾರದಲ್ಲಿ ಹೊಸ ಫಲಕ ಬಂತು, ಅದಕ್ಕೆ ಅವರಿಗೆ ಕೃತಜ್ಞ. ಆದರೆ ಒಡೆದದ್ದನ್ನು ಕೊಂಡೊಯ್ಯಲು ಅವರು ಒಪ್ಪಲಿಲ್ಲ, ಗುಜರಿಯವನಿಗೆ ಕೊಡಿ ಎಂದರು. ಗುಜರಿಯವನಿಗೆ ಬೇಕಾದದ್ದು ಅಲ್ಯೂಮಿನಿಯಂ ಚೌಕಟ್ಟು ಮಾತ್ರ. ಗಾಜು, ಪ್ಲಾಸ್ಟಿಕ್ ಹಾಳೆ, ಅದರೊಳಗೆ ಅಂಟಿಕೊಂಡ ಸಿಲಿಕಾನ್, ಒಂದಿಷ್ಟು ಬೆಳ್ಳಿ, ಬೆಸುಗೆಯಲ್ಲಿರುವ ಸೀಸ, ಇವನ್ನು ಬಿಡಿಸುವ ಉಪಾಯ ಅವನ ಬಳಿ ಇಲ್ಲ, ಎಲ್ಲಾದರೂ ಸುರಿಯುವುದೊಂದೇ ದಾರಿ. ಅಂತರರಾಷ್ಟ್ರೀಯ ನವೀಕರಿಸಬಹುದಾದ ಇಂಧನ ಸಂಸ್ಥೆ 2016ರಲ್ಲಿ ಪ್ರಕಟಿಸಿದ ಅಂದಾಜಿನಂತೆ 2050ರ ಹೊತ್ತಿಗೆ ಜಗತ್ತಿನಲ್ಲಿ ಹೀಗೆ ಆಯಸ್ಸು ಮುಗಿದ ಫಲಕಗಳ ರಾಶಿ 7.8 ಕೋಟಿ ಟನ್ ಮುಟ್ಟಬಹುದು. ನಮ್ಮದು ಅದರಲ್ಲಿ ಮೂವತ್ತು ಕಿಲೋ ಕೂಡ ತೂಗುವುದಿಲ್ಲ. ಮರಳಿ ಪಡೆಯುವ ಹೊಣೆ ಯಾರದು ಎಂದು ಮಾರಿದವರಿಗೆ ಎರಡು ಪತ್ರ ಬರೆದಿದ್ದೇನೆ, ಉತ್ತರ ಬಂದಿಲ್ಲ. ಒಡೆದ ಫಲಕ ಹಳೆಯ ಚಾದರ ಹೊದ್ದು ಮೆಟ್ಟಿಲಿನ ಕೆಳಗೆ ಗೋಡೆಗೆ ಒರಗಿ ನಿಂತಿದೆ.