ಪೋಕೆಮಾನ್ ಮೊದಲಿನಿಂದ ಆಡಬೇಕೇ? ಹಳೇ ಸೇವ್ ಅಳಿಸುವ ಐದು ದಾರಿಗಳ ಹೋಲಿಕೆ

ನಿಂಟೆಂಡೊದ ಕೈಯಲ್ಲಿ ಹಿಡಿದು ಆಡುವ ಯಂತ್ರಗಳಲ್ಲಿ, ಗೇಮ್ ಬಾಯ್‌ನಿಂದ ಡಿಎಸ್, 3ಡಿಎಸ್‌ವರೆಗೆ, ಪೋಕೆಮಾನ್‌ನ ಮುಖ್ಯ ಸರಣಿಯಲ್ಲಿ ಒಂದು ಕಾರ್ಟ್ರಿಡ್ಜ್‌ಗೆ ಒಂದೇ ಸೇವ್, ಅಂದರೆ ಆಡಿದ್ದನ್ನು ಉಳಿಸಿಡುವ ಒಂದೇ ದಾಖಲೆ. ಹೊಸದಾಗಿ ಶುರು ಮಾಡಬೇಕೆಂದರೆ ಹಳೆಯದು ಜಾಗ ಬಿಡಲೇಬೇಕು. ಅದನ್ನು ತೆಗೆಯುವ ದಾರಿಗಳನ್ನು ಬೇರೆ ಬೇರೆ ತಲೆಮಾರಿನ ಆಟಗಳಲ್ಲಿ ಪ್ರಯತ್ನಿಸಿ ಇಲ್ಲಿ ಅಕ್ಕಪಕ್ಕ ಇಟ್ಟಿದ್ದೇವೆ. ಬೇಗ ಆಗುತ್ತದೆಯೋ ಇಲ್ಲವೋ ಎಂಬುದಕ್ಕೆ ನಾವು ಹೆಚ್ಚು ಬೆಲೆ ಕೊಟ್ಟಿಲ್ಲ, ಎಲ್ಲವೂ ಐದು ನಿಮಿಷದೊಳಗಿನ ಕೆಲಸವೇ. ಕೊನೇ ಗಳಿಗೆಯಲ್ಲಿ ಮನಸ್ಸು ಬದಲಾದರೆ ವಾಪಸ್ ಬರಲು ಜಾಗ ಉಳಿಯುತ್ತದೆಯೇ ಎಂಬುದೇ ನಮ್ಮ ಅಳತೆಗೋಲು. ನೂರಾರು ಗಂಟೆ ಆಡಿ ಕೂಡಿಸಿದ್ದು ಒಂದು ಬಟನ್‌ಗೆ ಹೋಗಿಬಿಡುತ್ತದೆ.

ಮೊದಲ ದಾರಿ: ಹಾಗೇ ನ್ಯೂ ಗೇಮ್ ಒತ್ತಿ ಆಡುವುದು

ರೆಡ್, ಬ್ಲೂ, ಯೆಲ್ಲೊದಿಂದ ಹಿಡಿದು ಗೇಮ್ ಬಾಯ್ ಅಡ್ವಾನ್ಸ್‌ನ ರೂಬಿ, ಸಫೈರ್, ಎಮರಾಲ್ಡ್, ಫೈರ್‌ರೆಡ್, ಲೀಫ್‌ಗ್ರೀನ್‌ವರೆಗೆ ಇದು ನಡೆಯುತ್ತದೆ. ಮೆನುವಿನಲ್ಲಿ ಕಂಟಿನ್ಯೂ ಬಿಟ್ಟು ನ್ಯೂ ಗೇಮ್ ಆರಿಸಿ ಆಡಲು ಶುರು ಮಾಡಿ. ನೀವು ಮೊದಲ ಸಲ ಸೇವ್ ಮಾಡುವವರೆಗೂ ಹಳೇ ಸೇವ್ ಕಾರ್ಟ್ರಿಡ್ಜ್‌ನಲ್ಲಿ ಭದ್ರವಾಗಿಯೇ ಇರುತ್ತದೆ. ಸೇವ್ ಮಾಡಲು ಹೋದಾಗ ಇಲ್ಲಿ ಈಗಾಗಲೇ ಬೇರೆ ಸೇವ್ ಇದೆ, ಅದರ ಮೇಲೆ ಬರೆಯಲೇ ಎಂದು ಆಟ ಕೇಳುತ್ತದೆ. ಬೇಡ ಎಂದು ಪವರ್ ಆಫ್ ಮಾಡಿದರೆ ಹಳೆಯದಕ್ಕೆ ಏನೂ ಆಗಿರುವುದಿಲ್ಲ.

ಈ ತಲೆಮಾರುಗಳಿಗೆ ನಮ್ಮ ಮೊದಲ ಆಯ್ಕೆ ಇದೇ. ಮೊದಲ ಪೋಕೆಮಾನ್ ಆರಿಸಿ, ಒಂದೆರಡು ಊರು ದಾಟಿ, ನಿಜಕ್ಕೂ ಮತ್ತೆ ಆಡುವ ಮನಸ್ಸಿದೆಯೇ ಎಂದು ನೋಡಿಕೊಳ್ಳಲು ಒಂದು ಸಂಜೆಯ ಕಾಲಾವಕಾಶ ಸಿಗುತ್ತದೆ. ಆ ಸಂಜೆ ಬ್ಯಾಟರಿ ಮಾತ್ರ ಚೆನ್ನಾಗಿರಬೇಕು, ಏಕೆಂದರೆ ಸೇವ್ ಮಾಡದೆ ಆಡುತ್ತಿರುತ್ತೀರಿ.

2006ರ ಡೈಮಂಡ್, ಪರ್ಲ್‌ನಿಂದ ಈ ದಾರಿ ಮುಚ್ಚಿತು. ಡಿಎಸ್‌ನ ಆಟಗಳಲ್ಲಿ ಹಳೇ ಸೇವ್ ಇಟ್ಟುಕೊಂಡೇ ನ್ಯೂ ಗೇಮ್ ಶುರು ಮಾಡಬಹುದು, ಆದರೆ ಅದರ ಮೇಲೆ ಸೇವ್ ಮಾಡಲು ಆಟ ಒಪ್ಪುವುದಿಲ್ಲ. ಎಚ್ಚರಿಕೆ ಓದದೆ ಎ ಒತ್ತುತ್ತಾ ಮುಂದೆ ಹೋದವರಿಗೆ ಇದು ಗೊತ್ತಾಗುವುದು ಎರಡು ಗಂಟೆ ಆಡಿದ ಮೇಲೆ. ಅಷ್ಟೂ ಆಟ ವ್ಯರ್ಥ. ಡಿಎಸ್ ಕಾರ್ಡ್ ಆದರೆ ಮೊದಲು ಅಳಿಸಿ, ಆಮೇಲೆ ಶುರು ಮಾಡಿ.

ಎರಡನೆಯದು: ಟೈಟಲ್ ಪರದೆಯಲ್ಲಿ ಬಟನ್ ಜೋಡಿ

ಗೇಮ್ ಬಾಯ್‌ನಿಂದ ಡಿಎಸ್‌ನ ಬ್ಲ್ಯಾಕ್ 2, ವೈಟ್ 2ರವರೆಗೆ ಒಂದೇ ಜೋಡಿ: ಮೇಲಿನ ಬಾಣ, ಸೆಲೆಕ್ಟ್, ಬಿ. 2013ರ ಎಕ್ಸ್, ವೈ ಆಟಗಳಿಂದ 3ಡಿಎಸ್‌ನ ಅಲ್ಟ್ರಾ ಸನ್, ಅಲ್ಟ್ರಾ ಮೂನ್‌ವರೆಗೆ ಮೇಲಿನ ಬಾಣ, ಎಕ್ಸ್, ಬಿ. ಹೆಸರು ಮಿನುಗುವ ಟೈಟಲ್ ಪರದೆ ಬಂದಾಗಲೇ ಒತ್ತಬೇಕು. ಅದಕ್ಕೂ ಮುಂಚಿನ ಕಂಪನಿ ಲೋಗೋ ಓಡುವಾಗಲೋ, ಕಂಟಿನ್ಯೂ ಮೆನುವಿಗೆ ಹೋದ ಮೇಲೋ ಒತ್ತಿದರೆ ಏನೂ ಆಗುವುದಿಲ್ಲ.

ಆಗಲಿಲ್ಲ ಎನ್ನುವವರಲ್ಲಿ ಹೆಚ್ಚಿನವರ ತೊಂದರೆ ಬೆರಳಿನದು. ಮೂರನ್ನೂ ಒಂದೇ ಕ್ಷಣಕ್ಕೆ ಒತ್ತಲು ಹೋಗಬೇಡಿ. ಬಾಣ ಮತ್ತು ಸೆಲೆಕ್ಟ್ ಮೊದಲು ಒತ್ತಿ ಹಿಡಿದುಕೊಂಡು, ಕೊನೆಗೆ ಬಿ ಒತ್ತಿ. ಹಳೇ ಗೇಮ್ ಬಾಯ್‌ನಲ್ಲಿ ಸೆಲೆಕ್ಟ್ ಕೆಳಗೆ ನಡುವೆ ಇರುವುದರಿಂದ ಯಂತ್ರವನ್ನು ಮೇಜಿನ ಮೇಲಿಟ್ಟು ಎಡ ಹೆಬ್ಬೆರಳು ಬಾಣಕ್ಕೆ, ಬಲಗೈ ತೋರುಬೆರಳು ಸೆಲೆಕ್ಟ್‌ಗೆ, ಬಲ ಹೆಬ್ಬೆರಳು ಬಿಗೆ ಕೊಟ್ಟರೆ ಸುಲಭ. ಮೊದಲ ಮಾದರಿಯ ಡಿಎಸ್‌ನಲ್ಲಿ ಸೆಲೆಕ್ಟ್ ಬಲಗಡೆ, ಎಕ್ಸ್ ಬಟನ್‌ನ ಮೇಲ್ಭಾಗದಲ್ಲಿದೆ. ಡಿಎಸ್ ಲೈಟ್‌ನಲ್ಲಿ ಅದು ಬಿ ಬಟನ್‌ನ ಕೆಳಗಡೆ ಬಂತು. ಒಂದರಲ್ಲಿ ರೂಢಿಯಾದ ಕೈ ಇನ್ನೊಂದರಲ್ಲಿ ತಪ್ಪುತ್ತದೆ. ತುಂಬಾ ಆಡಿ ಸವೆದ ಯಂತ್ರದಲ್ಲಿ ಬಾಣದ ಕೆಳಗಿನ ರಬ್ಬರ್ ಒಂದು ಕಡೆ ಕುಸಿದಿರುತ್ತದೆ. ಆಗ ಮೇಲೆ ಒತ್ತಿದರೂ ಎಡವೋ ಬಲವೋ ಸೇರಿಕೊಂಡು ಜೋಡಿ ಕೆಡುತ್ತದೆ. ಹೆಬ್ಬೆರಳನ್ನು ಬಾಣದ ತುದಿಯಲ್ಲಿ ಲಂಬವಾಗಿ ಇಟ್ಟು ಒತ್ತಿ ನೋಡಿ. 3ಡಿಎಸ್‌ನಲ್ಲಿ ಸುತ್ತುವ ಪ್ಯಾಡ್ ಬಿಟ್ಟು ಅದರ ಕೆಳಗಿನ ಬಾಣದ ಬಟನ್ ಬಳಸಿ. ಎಕ್ಸ್ ಮೇಲೆ, ಬಿ ಕೆಳಗೆ ಎದುರುಬದುರು ಇರುವುದರಿಂದ ಬಲ ಹೆಬ್ಬೆರಳನ್ನು ಉದ್ದುದ್ದ ಮಲಗಿಸಿದರೆ ಎರಡೂ ಸಿಗುತ್ತವೆ.

ಎ, ಬಿ, ಸ್ಟಾರ್ಟ್, ಸೆಲೆಕ್ಟ್ ನಾಲ್ಕನ್ನೂ ಒತ್ತಿ ಅಳಿಸಿತು ಅಂದುಕೊಳ್ಳುವವರೂ ಇದ್ದಾರೆ. ಅದು ಗೇಮ್ ಬಾಯ್ ಆಟಗಳನ್ನು ಸುಮ್ಮನೆ ಟೈಟಲ್‌ಗೆ ವಾಪಸ್ ಒಯ್ಯುವ ಜೋಡಿ, ಸೇವ್ ಮುಟ್ಟುವುದಿಲ್ಲ.

ಸರಿಯಾಗಿ ಒತ್ತಿದರೆ ಎಲ್ಲಾ ಸೇವ್ ಅಳಿಸಲೇ ಎಂಬ ಪ್ರಶ್ನೆ ಬರುತ್ತದೆ. ಗೇಮ್ ಬಾಯ್ ಮತ್ತು ಅಡ್ವಾನ್ಸ್ ಆಟಗಳಲ್ಲಿ ಬಾಣದ ಗುರುತು ಮೊದಲು 'ನೋ' ಪಕ್ಕದಲ್ಲಿ ನಿಂತಿರುತ್ತದೆ. ನೀವೇ ಅದನ್ನು 'ಯೆಸ್'ಗೆ ಸರಿಸಿ ಎ ಒತ್ತಬೇಕು. ಇಲ್ಲಿ ಅಳಿದದ್ದು ಅಳಿದೇ ಹೋಯಿತು, ಹಿಂದಿರುಗುವ ದಾರಿ ಇಲ್ಲ. ಅಳಿಸುವಾಗ ಪವರ್ ತೆಗೆಯಬೇಡಿ, ಕಾರ್ಟ್ರಿಡ್ಜ್ ಅಲುಗಾಡಿಸಬೇಡಿ.

ಸೆಕೆಂಡ್ ಹ್ಯಾಂಡ್ ಕಾರ್ಟ್ರಿಡ್ಜ್ ಕೊಂಡವರಿಗೆ ಈ ದಾರಿಯೇ ಸರಿ. ಹಿಂದಿನ ಮಾಲೀಕರ ಹೆಸರು, ತಂಡ ಏನೂ ಉಳಿಯದೆ ಎಲ್ಲಾ ಹೊಸದಾಗಿ ಶುರುವಾಗುತ್ತದೆ. ಆದರೆ ಅಳಿಸುವ ಮೊದಲು ಒಳಗೆ ಏನಿದೆ ಎಂದು ಕಂಟಿನ್ಯೂ ಒತ್ತಿ ಒಮ್ಮೆ ನೋಡಿ. ಆಟದೊಳಗೆ ಪೋಕೆಮಾನ್ ಇಡುವ ಪೆಟ್ಟಿಗೆಗಳಲ್ಲಿ ಮತ್ತೆಂದೂ ಸಿಗದ, ಕಾರ್ಯಕ್ರಮಗಳಲ್ಲಿ ಹಂಚಿದ ಪೋಕೆಮಾನ್ ಇರಬಹುದು. ಅಳಿಸಿದ ನಂತರ ಐದು ನಿಮಿಷ ಆಡಿ ಸೇವ್ ಮಾಡಿ, ಆಫ್ ಮಾಡಿ, ಕಾರ್ಟ್ರಿಡ್ಜ್ ಹೊರತೆಗೆದು ಒಂದು ರಾತ್ರಿ ಇಟ್ಟು ಮತ್ತೆ ಹಾಕಿ ನೋಡಿ. ಬೆಳಿಗ್ಗೆ ಕಂಟಿನ್ಯೂ ಕಾಣದಿದ್ದರೆ ಒಳಗಿನ ಬ್ಯಾಟರಿ ಸತ್ತಿದೆ, ಇಲ್ಲವೇ ಕಾರ್ಟ್ರಿಡ್ಜ್ ನಕಲಿ. ಈ ಪರೀಕ್ಷೆ ಮಾಡದೆ ಇಪ್ಪತ್ತು ಗಂಟೆ ಆಡಬೇಡಿ.

ಮೂರನೆಯದು: ಬ್ಯಾಟರಿ ಕೀಳುವುದು

ಇದರ ಬಗ್ಗೆ ತಪ್ಪು ತಿಳಿವಳಿಕೆ ಬಹಳ ಇದೆ. ರೆಡ್, ಬ್ಲೂ, ಯೆಲ್ಲೊ, ಗೋಲ್ಡ್, ಸಿಲ್ವರ್, ಕ್ರಿಸ್ಟಲ್ ಕಾರ್ಟ್ರಿಡ್ಜ್‌ಗಳಲ್ಲಿ ಸೇವ್ ಕೂತಿರುವುದು ವಿದ್ಯುತ್ ಇದ್ದರಷ್ಟೇ ನೆನಪಿಟ್ಟುಕೊಳ್ಳುವ ಚಿಪ್‌ನಲ್ಲಿ. ಅದಕ್ಕೆ 3 ವೋಲ್ಟ್‌ನ ಬಟನ್ ಬ್ಯಾಟರಿ ಸದಾ ಕರೆಂಟ್ ಕೊಡುತ್ತಿರುತ್ತದೆ. ಗೋಲ್ಡ್, ಸಿಲ್ವರ್, ಕ್ರಿಸ್ಟಲ್‌ನಲ್ಲಿ ಅದೇ ಬ್ಯಾಟರಿ ಗಡಿಯಾರವನ್ನೂ ಓಡಿಸಬೇಕು. ಅದಕ್ಕೇ ಅಲ್ಲಿ ದೊಡ್ಡ ಸಿಆರ್2025 ಇದ್ದರೂ ಬೇಗ ಬರಿದಾಗುತ್ತದೆ. ಬ್ಯಾಟರಿ ಕಿತ್ತರೆ ಸೇವ್ ಹೋಗುತ್ತದೆ, ನಿಜ. ಆದರೆ ಅಳಿಸಲಿಕ್ಕೆಂದೇ ಕೀಳುವುದು ಬೇಡ. 3.8 ಮಿಲಿಮೀಟರ್‌ನ ವಿಶೇಷ ಸ್ಕ್ರೂಡ್ರೈವರ್ ಬೇಕು, ಬ್ಯಾಟರಿಯ ಲೋಹದ ಪಟ್ಟಿಗಳನ್ನು ಬೋರ್ಡ್‌ಗೆ ಬೆಸುಗೆ ಹಾಕಿರುತ್ತಾರೆ, ಒರಟಾಗಿ ಎಳೆದರೆ ಬೋರ್ಡ್‌ನ ತಾಮ್ರದ ಗೆರೆಯೇ ಎದ್ದು ಬರುತ್ತದೆ. ಬ್ಯಾಟರಿ ಹೇಗೂ ಬದಲಿಸಬೇಕಿದ್ದರೆ ಮಾತ್ರ ಅದಕ್ಕೆ ಹೊಸ ಆಟವನ್ನು ಜೋಡಿಸಿಕೊಳ್ಳಿ. ಹೊಸದನ್ನು ಟೇಪ್‌ನಿಂದ ಅಂಟಿಸಬೇಡಿ. ಪಟ್ಟಿ ಜೋಡಿಸಿಯೇ ಬರುವ ಬ್ಯಾಟರಿ ತಂದು ಬೆಸುಗೆ ಹಾಕಿ, ಪ್ಲಸ್ ಮೈನಸ್ ಎರಡು ಸಲ ನೋಡಿ.

ರೂಬಿ, ಸಫೈರ್, ಎಮರಾಲ್ಡ್‌ನ ವಿಷಯ ಬೇರೆ. ಅಲ್ಲಿ ಸೇವ್ ಇರುವುದು ವಿದ್ಯುತ್ ಬೇಡದ ಫ್ಲ್ಯಾಶ್ ಚಿಪ್‌ನಲ್ಲಿ. ಸಿಆರ್1616 ಬ್ಯಾಟರಿ ಗಡಿಯಾರಕ್ಕಷ್ಟೇ. ಅದನ್ನು ಕಿತ್ತರೆ ಸೇವ್ ಕೂದಲೆಳೆಯಷ್ಟೂ ಅಲುಗುವುದಿಲ್ಲ. ಬ್ಯಾಟರಿ ಸತ್ತಾಗ ಸಮಯಕ್ಕೆ ಸಂಬಂಧಿಸಿದ ಘಟನೆಗಳು ನಡೆಯುವುದಿಲ್ಲ ಎಂಬ ಸಂದೇಶ ಬರುತ್ತದೆ, ಆಟ ಮಾತ್ರ ಮೊದಲಿನಂತೆಯೇ ಆಡಬಹುದು. ಫೈರ್‌ರೆಡ್, ಲೀಫ್‌ಗ್ರೀನ್‌ನಲ್ಲಿ ಬ್ಯಾಟರಿಯೇ ಇಲ್ಲ.

ಇಲ್ಲಿ ಒಂದು ಸೂಕ್ಷ್ಮ ಇದೆ. ಎಮರಾಲ್ಡ್‌ಗೆ ಹೊಸ ಬ್ಯಾಟರಿ ಹಾಕಿದ ಮೇಲೆ ಹಳೇ ಸೇವ್‌ನಲ್ಲಿ ನೆಟ್ಟ ಬೆರ್ರಿ ಗಿಡ ಬೆಳೆಯುವುದೇ ಇಲ್ಲ ಎಂದು ಹಲವರು ಬ್ಯಾಟರಿಯನ್ನು ಮತ್ತೆ ಮತ್ತೆ ಬದಲಿಸುತ್ತಾರೆ. ದೋಷ ಬ್ಯಾಟರಿಯದಲ್ಲ. ಹೊಸ ಬ್ಯಾಟರಿಯೊಂದಿಗೆ ಗಡಿಯಾರ ಆರಂಭದ ದಿನಾಂಕಕ್ಕೆ ಹೋಗಿರುತ್ತದೆ, ಸೇವ್‌ನಲ್ಲಿ ಬರೆದಿಟ್ಟ ಕೊನೆಯ ದಿನ ಅದಕ್ಕಿಂತ ಎಷ್ಟೋ ಮುಂದಿರುತ್ತದೆ. ಗಡಿಯಾರ ಆ ದಿನವನ್ನು ದಾಟುವವರೆಗೂ ಆಟದ ಪಾಲಿಗೆ ಸಮಯ ಮುಂದೆ ಸರಿದೇ ಇಲ್ಲ. ಹೊಸ ಆಟ ಶುರು ಮಾಡಿದರೆ ಗಡಿಯಾರವೂ ಸೇವ್ ಕೂಡ ಒಂದೇ ಕಡೆಯಿಂದ ಹೊರಡುವುದರಿಂದ ಬೆರ್ರಿಗಳು ಸಹಜವಾಗಿ ಬೆಳೆಯುತ್ತವೆ. ರೂಬಿ, ಸಫೈರ್, ಎಮರಾಲ್ಡ್ ಅಳಿಸಲು ಇದಕ್ಕಿಂತ ಒಳ್ಳೆಯ ಕಾರಣ ನಮಗೆ ಕಂಡಿಲ್ಲ.

ನಾಲ್ಕನೆಯದು: ಕಂಪ್ಯೂಟರ್‌ಗೆ ನಕಲು ತೆಗೆದು ಅಳಿಸುವುದು

ಜಿಬಿಎಕ್ಸ್‌ಕಾರ್ಟ್‌ನಂಥ ಸಣ್ಣ ರೀಡರ್ ಕೊಂಡರೆ ಗೇಮ್ ಬಾಯ್, ಅಡ್ವಾನ್ಸ್ ಕಾರ್ಟ್ರಿಡ್ಜ್‌ಗಳನ್ನು ಯುಎಸ್‌ಬಿ ಮೂಲಕ ಓದಬಹುದು. ಫ್ಲ್ಯಾಶ್‌ಜಿಬಿಎಕ್ಸ್ ಎಂಬ ಉಚಿತ ತಂತ್ರಾಂಶದಲ್ಲಿ ಸೇವ್ ಓದುವ, ವಾಪಸ್ ಬರೆಯುವ, ಅಳಿಸುವ ಆಯ್ಕೆಗಳಿವೆ. ರೆಡ್ ಆಟದ ಸೇವ್ 32 ಕಿಲೋಬೈಟ್, ಎಮರಾಲ್ಡ್‌ನದು 128. ಎರಡೂ ಸೇರಿದರೂ ಫೋನಿನ ಒಂದು ಫೋಟೋದಷ್ಟಿಲ್ಲ, ಎರಡು ಮೂರು ಕಡೆ ಇಟ್ಟುಕೊಳ್ಳಿ.

ಓದುವ ಮೊದಲು ಕಾರ್ಟ್ರಿಡ್ಜ್‌ನ ತಾಮ್ರದ ಹಲ್ಲುಗಳನ್ನು ಐಸೊಪ್ರೊಪೈಲ್ ಆಲ್ಕೊಹಾಲ್ ತೊಟ್ಟಿಕ್ಕಿದ ಹತ್ತಿಕಡ್ಡಿಯಿಂದ ಒರೆಸಿ. ಹತ್ತಿ ಕಪ್ಪಾಗುವುದು ನಿಲ್ಲುವವರೆಗೆ ಒರೆಸಿ, ಪೂರ್ತಿ ಒಣಗಲು ಬಿಡಿ. ಒಂದು ಹಲ್ಲಿಗೆ ಕೊಳೆ ಹಿಡಿದಿದ್ದರೂ ಓದಿದ ಫೈಲ್ ಕೆಟ್ಟಿರುತ್ತದೆ, ಅದು ಹೊರಗೆ ಕಾಣುವುದಿಲ್ಲ. ಹಾಗಾಗಿ ಎರಡು ಸಲ ಓದಿ ಎರಡೂ ಫೈಲ್ ಒಂದೇ ಇವೆಯೇ ಎಂದು ಹೋಲಿಸಿ. ಅದಾದ ಮೇಲಷ್ಟೇ ಅಳಿಸಿ. ಗೋಲ್ಡ್, ಸಿಲ್ವರ್‌ನ ಬ್ಯಾಟರಿ ಬದಲಿಸುವವರಂತೂ ಇದನ್ನು ಬಿಡಲೇಬಾರದು. ಸಾಯುವ ಹಂತದ ಬ್ಯಾಟರಿ ಎಂದು ಕೈಕೊಡುತ್ತದೆ ಎಂದು ಹೇಳಲಾಗದು.

ರೀಡರ್ ಇಲ್ಲದಿದ್ದರೆ ಪೋಕೆಮಾನ್‌ಗಳನ್ನು ಬೇರೆಡೆಗೆ ಸಾಗಿಸಬಹುದು, ಆದರೆ ಪ್ರತಿ ದಾರಿಗೂ ಬಾಗಿಲುಗಳಿವೆ. ಅಡ್ವಾನ್ಸ್‌ನಿಂದ ಡಿಎಸ್‌ಗೆ ಡಿಎಸ್ ಆಟದೊಳಗಿನ ಪಾಲ್ ಪಾರ್ಕ್ ಎಂಬ ಜಾಗದ ಮೂಲಕ ಒಂದು ಸಲಕ್ಕೆ ಆರು ಹೋಗುತ್ತವೆ. ಅದಕ್ಕೆ ಕೆಳಗಡೆ ಎರಡನೇ ಸ್ಲಾಟ್ ಇರುವ ಡಿಎಸ್ ಅಥವಾ ಡಿಎಸ್ ಲೈಟ್ ಬೇಕು, ಡಿಎಸ್ಐ ಆಗದು. ನೀರು ದಾಟಲು, ಹಾರಲು ಬಳಸುವ ಸರ್ಫ್, ಫ್ಲೈ ಥರದ ಎಚ್‌ಎಂ ವಿದ್ಯೆ ಕಲಿತವು ದಾಟುವುದಿಲ್ಲ, ಮೊದಲು ಮರೆಸಬೇಕು. ಹೋದವು ವಾಪಸ್ ಬರುವುದಿಲ್ಲ. 3ಡಿಎಸ್ ಆಟಗಳಿಗೆ ಪೋಕೆಮಾನ್‌ಗಳನ್ನು ಇಂಟರ್ನೆಟ್‌ನಲ್ಲಿ ಇಟ್ಟುಕೊಳ್ಳುವ ಪೋಕೆಮಾನ್ ಬ್ಯಾಂಕ್ ಇದೆ. ಆದರೆ 3ಡಿಎಸ್ ಅಂಗಡಿ 2023ರ ಮಾರ್ಚ್‌ನಲ್ಲಿ ಮುಚ್ಚಿದ್ದರಿಂದ, ಮೊದಲೇ ಇಳಿಸಿಕೊಂಡವರಿಗಷ್ಟೇ ಅದು ಸಿಗುತ್ತದೆ. ಬ್ಯಾಂಕ್ ಇಲ್ಲದ 3ಡಿಎಸ್‌ನಲ್ಲಿ ಅಳಿಸುವ ಮುನ್ನ ಎರಡು ಸಲ ಯೋಚಿಸಿ. ಉಳಿಸಿದವನ್ನು ಹೊಸ ಆಟಕ್ಕೆ ತಂದರೂ ಅವು ಬೇರೆಯವರ ಪೋಕೆಮಾನ್ ಎಂದೇ ಲೆಕ್ಕ. ಲೆವೆಲ್ ಹೆಚ್ಚಿದ್ದು, ಹೊಸ ಆಟದಲ್ಲಿ ನೀವು ಗೆದ್ದ ಬ್ಯಾಡ್ಜ್ ಕಡಿಮೆ ಇದ್ದರೆ ಹೇಳಿದ ಮಾತು ಕೇಳುವುದಿಲ್ಲ.

ಐದನೆಯದು: ಸ್ವಿಚ್‌ನಲ್ಲಿ ಸೆಟ್ಟಿಂಗ್ಸ್, ಅಥವಾ ಇನ್ನೊಬ್ಬ ಯೂಸರ್

2019ರ ಸ್ವೋರ್ಡ್, ಶೀಲ್ಡ್ ಮತ್ತು 2022ರ ಸ್ಕಾರ್ಲೆಟ್, ವಯೊಲೆಟ್‌ನಲ್ಲಿ ಹಳೇ ಬಟನ್ ಜೋಡಿ ಅಳಿಸುವುದಿಲ್ಲ. ಮೇಲಿನ ಬಾಣ, ಎಕ್ಸ್, ಬಿ ಈಗ ಹಿಂದಿನ ಬ್ಯಾಕಪ್ ಸೇವ್ ತೆರೆಯಲು ಬಳಕೆಯಾಗುತ್ತದೆ. 3ಡಿಎಸ್‌ನಿಂದ ಬಂದವರು ಇದನ್ನು ನೆನಪಿಡಬೇಕು.

ಇಲ್ಲಿ ಸೇವ್ ಇರುವುದು ಯಂತ್ರದ ಸ್ವಂತ ಮೆಮೊರಿಯಲ್ಲಿ. ಆಟದ ಕಾರ್ಡ್‌ನಲ್ಲೂ ಇಲ್ಲ, ಮೈಕ್ರೊಎಸ್‌ಡಿಯಲ್ಲೂ ಇಲ್ಲ. ಹೀಗಾಗಿ ಆಟವನ್ನೇ ಡಿಲೀಟ್ ಮಾಡಿ ಮತ್ತೆ ಇಳಿಸಿದರೂ ಹಳೇ ಸೇವ್ ಹಾಗೇ ಕಾದಿರುತ್ತದೆ. ಅಳಿಸಬೇಕಾದರೆ ಆಟ ಮುಚ್ಚಿ, ಸಿಸ್ಟಮ್ ಸೆಟ್ಟಿಂಗ್ಸ್, ಡೇಟಾ ಮ್ಯಾನೇಜ್‌ಮೆಂಟ್, ಡಿಲೀಟ್ ಸೇವ್ ಡೇಟಾ, ಆಮೇಲೆ ಆಟದ ಹೆಸರು. ಅಲ್ಲಿ ಒಬ್ಬ ಯೂಸರ್‌ನ ಸೇವ್ ಅಳಿಸುವ ಆಯ್ಕೆಯೂ ಎಲ್ಲರದ್ದನ್ನೂ ಅಳಿಸುವ ಆಯ್ಕೆಯೂ ಒಟ್ಟಿಗೆ ಕಾಣುತ್ತವೆ. ತಮ್ಮನೋ ತಂಗಿಯೋ ಅದೇ ಯಂತ್ರದಲ್ಲಿ ಆಡುತ್ತಿದ್ದರೆ ಆ ಸಾಲನ್ನು ನಿಧಾನವಾಗಿ ಓದಿ. ಈ ಆಟಗಳಿಗೆ ಕ್ಲೌಡ್ ಸೇವ್ ಸೌಲಭ್ಯ ಇಲ್ಲ.

ನಮ್ಮ ಸಲಹೆ: ಸ್ವಿಚ್‌ನಲ್ಲಿ ಅಳಿಸಲೇಬೇಡಿ. ಒಂದು ಯಂತ್ರದಲ್ಲಿ 8 ಯೂಸರ್‌ಗಳವರೆಗೆ ಇರಬಹುದು, ಪ್ರತಿಯೊಬ್ಬರಿಗೂ ಬೇರೆ ಸೇವ್. ಸೆಟ್ಟಿಂಗ್ಸ್‌ನಲ್ಲಿ ಯೂಸರ್ಸ್, ಆಡ್ ಯೂಸರ್ ಎಂದು ಹೋಗಿ ಹೊಸ ಹೆಸರು ಕೊಟ್ಟು, ಆಟ ತೆರೆಯುವಾಗ ಅದನ್ನು ಆರಿಸಿ. ಕಾರ್ಡ್ ಇದ್ದರೆ ತೊಂದರೆಯೇ ಇಲ್ಲ. ಡೌನ್‌ಲೋಡ್ ಮಾಡಿದ ಆಟವಾದರೆ 2025ರವರೆಗೆ ಕೊಂಡ ಖಾತೆಗೆ ಆ ಯಂತ್ರ ಪ್ರೈಮರಿ ಎಂದು ನೋಂದಣಿಯಾಗಿರಬೇಕಿತ್ತು, ಇಲ್ಲದಿದ್ದರೆ ಹೊಸ ಯೂಸರ್‌ಗೆ ಆಟ ತೆರೆಯುತ್ತಿರಲಿಲ್ಲ. ಹೊಸ ಯೂಸರ್‌ಗೆ ಬೇರೆ ಚಿತ್ರ ಇಟ್ಟುಕೊಳ್ಳಿ. ಆಟ ತೆರೆದಾಗ ಎರಡು ಒಂದೇ ಥರದ ಮುಖ ಕಂಡರೆ ಹಳೇ ಸೇವ್‌ನೊಳಗೆ ಹೋಗಿ ಆಡಿಬಿಡುತ್ತೀರಿ, ಆಟೊಸೇವ್ ಆನ್ ಇದ್ದರೆ ಅದರ ಮೇಲೇ ಬರೆದೂ ಬಿಡುತ್ತದೆ.